ಹಗಲು ನೋಡುವ ಭತ್ತ

ನಿನ್ನೆ ಸಂಜೆಯಿಂದ ಕೆಳಗಿನ ಗದ್ದೆಯ ಗಾಳಿ ಮನೆಯೊಳಗೇ ಬಂದು ಕೂತಿದೆ. ಗಂಧಕಸಾಲೆ ತೆನೆ ಬಿಚ್ಚಿದೆ. ಇದನ್ನು ತಿಳಿಯಲು ಗದ್ದೆಗೆ ಇಳಿಯಬೇಕಾಗಿಲ್ಲ. ಜಗಲಿಯ ಮೇಲೆ ಕಣ್ಣು ಮುಚ್ಚಿ ಕೂತರೆ ಸಾಕು, ಮೂಗೇ ವರದಿ ಒಪ್ಪಿಸುತ್ತದೆ. ವಯನಾಡಿನ ಈ ಸಣ್ಣಕ್ಕಿಯ ಗುಣವೇ ಅದು. ಬೇರೆ ಅಕ್ಕಿ ಬೆಂದ ಮೇಲೆ ಪರಿಮಳಿಸಿದರೆ ಇದು ಗದ್ದೆಯಲ್ಲಿ ನಿಂತಲ್ಲೇ ಪರಿಮಳಿಸುತ್ತದೆ. ತೃಶ್ಶಿಲೇರಿಯ ನಮ್ಮ ಬಯಲಿನಲ್ಲಿ ಈಗ ಎಡಕ್ಕೂ ನೇಂದ್ರ ಬಾಳೆ, ಬಲಕ್ಕೂ ನೇಂದ್ರ ಬಾಳೆ. ನಡುವೆ ಅರ್ಧ ಎಕರೆ ಗಂಧಕಸಾಲೆ ಉಳಿಸಿಕೊಂಡಿರುವ ನನ್ನನ್ನು ಊರವರು ತಲೆ ಕೆಟ್ಟವರ ಪಟ್ಟಿಗೆ ಸೇರಿಸಿ ಬಹಳ ಕಾಲವಾಯಿತು.

ಅದಕ್ಕಿಂತ ದೊಡ್ಡ ಹುಚ್ಚು ಇನ್ನೊಂದಿದೆ. ಅದನ್ನು ಬೆಳೆಯುತ್ತೇನೆ, ಉಣ್ಣುವುದಿಲ್ಲ. ಮನೆಯಲ್ಲಿ ಆ ಅನ್ನ ಬೆಂದ ದಿನ ನನ್ನ ಎಲೆಗೆ ರಾಗಿಮುದ್ದೆಯೋ ಗೋಧಿ ರೊಟ್ಟಿಯೋ ಬೀಳುತ್ತದೆ. ಕೇಳಿದವರಿಗೆ ಸಕ್ಕರೆ ಕಾಯಿಲೆ ಎಂದು ಹೇಳಿಬಿಟ್ಟಿದ್ದೇನೆ. ನನ್ನಾಕೆ ಬಹಳ ವರ್ಷದಿಂದ ಇದನ್ನು ಅನುಮಾನದಿಂದಲೇ ನೋಡುತ್ತಾ ಬಂದಿದ್ದಾಳೆ.

"ಬೆಳೆಯೋದು ನೀವು, ಉಣ್ಣೋದು ನೆಂಟ್ರು. ಮದ್ವೆ ಮನೇಲಿ ಲಾಡು ತಿಂದಾಗ ಬರ್ದಿರೋ ಸಕ್ಕರೆ, ಮನೇಲಿ ಅನ್ನ ಉಂಡ್ರೆ ಬಂದ್ಬಿಡ್ತದಾ?" ಎನ್ನುತ್ತಾಳೆ.

ಅವಳ ಅನುಮಾನ ಸರಿ. ನನಗೆ ಸಕ್ಕರೆಯಿಲ್ಲ. ಈ ಅನ್ನ ಬಿಟ್ಟು ಇಪ್ಪತ್ತು ವರ್ಷದ ಮೇಲಾಯಿತು, ಯಾಕೆ ಬಿಟ್ಟೆ ಎಂಬುದನ್ನು ಮಾತ್ರ ಅವಳಿಗೆ ಹೇಳಿಲ್ಲ. ನೀವು ಹೊರಗಿನವರು, ಓದುತ್ತಾ ಬದುವಿನ ಮೇಲೆ ನನ್ನ ಜೊತೆ ನಾಲ್ಕು ಹೆಜ್ಜೆ ಬಂದಿದ್ದೀರಿ. ನಿಮಗೆ ಹೇಳಬಹುದು.

ನಾನು ಭಾರತ ಸರ್ಕಾರದ ವಿದೇಶಾಂಗ ಇಲಾಖೆಯಲ್ಲಿದ್ದವನು ಎಂದರೆ ಎದುರಿನವರು ಕುರ್ಚಿ ಎಳೆದು ಕೊಡುತ್ತಾರೆ. ಅಲ್ಲಿ ಗುಮಾಸ್ತನಾಗಿದ್ದೆ ಎಂದು ಮುಂದುವರಿಸಿದರೆ ಅದೇ ಕುರ್ಚಿಯನ್ನು ವಾಪಸು ಎಳೆದುಕೊಳ್ಳುತ್ತಾರೆ. ಆದರೂ ಗುಮಾಸ್ತನಿಲ್ಲದೆ ರಾಯಭಾರ ನಡೆಯುವುದಿಲ್ಲ. ರಾಯಭಾರಿಗಳು ಕೈಕುಲುಕುತ್ತಾರೆ, ಕುಲುಕುವ ಮೊದಲು ಯಾರ ಕೈ ಯಾವುದು ಎಂದು ಚೀಟಿ ಬರೆದುಕೊಡುವವನು ಗುಮಾಸ್ತ. ಪರೀಕ್ಷೆ ಬರೆದು ದೆಹಲಿಗೆ ಹೋದೆ, ಅಲ್ಲಿಂದ ಆಫ್ರಿಕಾದ ದಕ್ಷಿಣಕ್ಕಿರುವ ಒಂದು ಸಣ್ಣ ದೇಶಕ್ಕೆ ನನ್ನನ್ನು ಹಾಕಿದರು. ದೇಶದ ಹೆಸರು ಹೇಳುವುದಿಲ್ಲ. ಸರ್ಕಾರದ ಅನ್ನ ಉಂಡವನಿಗೆ ಗುಟ್ಟಲ್ಲದ್ದನ್ನೂ ಗುಟ್ಟಾಗಿಡುವ ಚಟ ಬಿಡುವುದಿಲ್ಲ.

ಮಕ್ಕಳ ಓದಿನ ಕಾರಣಕ್ಕೆ ಹೆಂಡತಿ ಊರಲ್ಲೇ ಅವ್ವನ ಜೊತೆ ಉಳಿದಳು. ಆ ಕಚೇರಿಯಲ್ಲಿ ನಾವು ಭಾರತದಿಂದ ಹೋದವರು ಐದೇ ಜನ. ಮನೆಯೆಂದರೆ ಮನೆ, ಕಚೇರಿಯೆಂದರೆ ಕಚೇರಿ, ಎರಡೂ ಒಂದೇ ಕಾಂಪೌಂಡಿನಲ್ಲಿ. ನನಗೆ ಅಲ್ಲೊಂದು ವಿಚಿತ್ರ ಸುಖ ಸಿಕ್ಕಿತು. ಮಾನಂತವಾಡಿಯ ಶಾಲೆಯಲ್ಲಿ ನಾನು ಕನ್ನಡಕ್ಕಾರ. ಮೈಸೂರಿನ ನೆಂಟರಿಗೆ ಕೇರಳದೋನು. ದೆಹಲಿಯಲ್ಲಿ ಮದ್ರಾಸಿ. ಆ ದೇಶದಲ್ಲಿ ಮಾತ್ರ ಬರೀ ಇಂಡಿಯನ್. ಹುಟ್ಟಿದಾಗಿನಿಂದ ಮೊದಲ ಬಾರಿಗೆ ಎಲ್ಲರೂ ನನ್ನನ್ನು ಒಂದೇ ಹೆಸರಿನಲ್ಲಿ ಕರೆಯುತ್ತಿದ್ದರು.

ನನ್ನ ಪಾಲಿಗೆ ಬಂದದ್ದು ನೆರವಿನ ಕೆಲಸ. ನಮ್ಮ ಸರ್ಕಾರ ಆ ದೇಶಕ್ಕೆ ಕೊಡುತ್ತಿದ್ದ ಕೈಪಂಪು, ಹೊಲಿಗೆ ಯಂತ್ರ, ಆಸ್ಪತ್ರೆ ಮಂಚ, ಶಾಲೆಯ ಬೆಂಚು ಇವೆಲ್ಲ ಹಡಗಿನಲ್ಲಿ ಬಂದು ನನ್ನ ಉಗ್ರಾಣಕ್ಕೆ ಸೇರುತ್ತಿದ್ದವು. ಅಲ್ಲಿಂದ ಒಂದೊಂದೂರಿಗೆ ಹೋಗಿ, ಒಂದೊಂದು ಸಮಾರಂಭ ಮಾಡಿ, ಕೊಟ್ಟು ಬರುವುದು. ರಿಬ್ಬನ್ ಕತ್ತರಿಸುವ ಕತ್ತರಿ ನನ್ನ ಸುಪರ್ದಿನಲ್ಲಿತ್ತು. ಕೈಪಂಪಿನ ಸಮಾರಂಭವಾದರೆ ಹಿಂದಿನ ದಿನವೇ ಹೋಗಿ, ಮಂತ್ರಿಗಳು ಒತ್ತಿದ ಕೂಡಲೇ ನೀರು ಬರುವ ಹಾಗೆ ಪಂಪಿನ ಬಾಯಿಗೆ ಎರಡು ಬಿಂದಿಗೆ ಹೊಯ್ದು ಬರುತ್ತಿದ್ದೆ. ಎರಡು ದೇಶಗಳ ಸ್ನೇಹ ಒಂದು ಕ್ಷಣವೂ ತಡವಾಗಬಾರದಲ್ಲ.

ಈ ಕೆಲಸವನ್ನೆಲ್ಲ ಅವ್ವನಿಗೆ ವಿವರಿಸಿದಾಗ ಅವಳಿಗೆ ಏನೂ ಆಶ್ಚರ್ಯವಾಗಲಿಲ್ಲ. "ಬೇರೆಯೋರ ಮನೆಗೆ ಹೋಗುವಾಗ ಬರಿಗೈಲಿ ಹೋಗ್ಬಾರ್ದು, ಅಷ್ಟೇ ತಾನೇ? ಕೊಟ್ಟ ಮೇಲೆ ಕೊಟ್ಟೆ ಕೊಟ್ಟೆ ಅಂತ ಸಾರ್ಕೊಂಡು ತಿರುಗ್ಬಾರ್ದು. ಹೆಂಗಿದೆ ಅಂತ ಮಾತ್ರ ಕೇಳ್ಬೇಕು" ಎಂದಿದ್ದಳು. ದೆಹಲಿಯಲ್ಲಿ ಮೂರು ತಿಂಗಳು ಕೂರಿಸಿ ಹೇಳಿಕೊಟ್ಟದ್ದರಲ್ಲಿ ಇದಕ್ಕಿಂತ ಹೆಚ್ಚಿನದು ನನಗೆ ನೆನಪಿಲ್ಲ.

ಉಗ್ರಾಣದ ವ್ಯಾನು ಓಡಿಸುತ್ತಿದ್ದವನು ಬೆನೆಡಿಕ್ಟ್, ಆ ದೇಶದವನೇ. ನಮ್ಮೂರ ಕಡೆಯ ಪಯ್ಯಂಪಳ್ಳಿಯ ಚರ್ಚಿನ ಸುತ್ತ ನನಗೆ ಗೊತ್ತಿರುವ ಬೆನೆಡಿಕ್ಟರೇ ಮೂವರಿದ್ದಾರೆ, ಹಾಗಾಗಿ ಹೆಸರು ಕೇಳಿದ ದಿನವೇ ಅವನು ನನಗೆ ಊರವನಾದ. ನನಗಿಂತ ಹತ್ತು ವರ್ಷ ಚಿಕ್ಕವನು, ಮಾತು ಕಡಿಮೆ. ಭಾನುವಾರ ಬಂದರೆ ಒಂಟಿತನಕ್ಕೆ ನನ್ನ ಮುಖ ಜೋತುಬೀಳುವುದನ್ನು ನೋಡಿ ಒಂದು ದಿನ, "ಸರ್, ನಮ್ಮ ಮನೆಗೆ ಬನ್ನಿ. ನನ್ನ ತಾಯಿಗೆ ಯಾರಿಗಾದರೂ ಬಡಿಸುವುದೆಂದರೆ ಇಷ್ಟ" ಎಂದು ಕರೆದುಕೊಂಡು ಹೋದ. ಆಮೇಲೆ ನಾನೇ ಕರೆಯದೆ ಹೋಗತೊಡಗಿದೆ.

ಆಕೆಯನ್ನು ನಾನು ಅಮ್ಮ ಎಂದೇ ಕರೆಯುತ್ತಿದ್ದೆ. ಅವರ ಭಾಷೆ ನನಗೆ ಬಾರದು, ನನ್ನದು ಆಕೆಗೆ ಬಾರದು. ನಡುವೆ ಬೆನೆಡಿಕ್ಟ್ ಕೂತು ಆಚೆಯದನ್ನು ಈಚೆಗೆ ದಾಟಿಸುತ್ತಿದ್ದ. ಮನೆಯ ಕೆಳಗೆ ಒಂದು ತೊರೆ, ತೊರೆಯ ಪಕ್ಕದಲ್ಲಿ ಎರಡು ತುಂಡು ಜಮೀನು. ಮೇಲಿನದು ಮಳೆ ನಂಬಿದ ಹೊಲ. ಕೆಳಗಿನದಕ್ಕೆ ತೊರೆಯ ನೀರು ಸಿಗುತ್ತಿದ್ದುದರಿಂದ ಊರಿನ ಯಾರಿಗೂ ಇಲ್ಲದಾಗ ಆಕೆಯ ಮನೆಯಲ್ಲಿ ಹಸಿ ಜೋಳ ಇರುತ್ತಿತ್ತು. ಆ ಕಡೆ ಜನವರಿ, ಫೆಬ್ರವರಿ ಎಂದರೆ ಹೊಟ್ಟೆಗೆ ಕಷ್ಟದ ತಿಂಗಳುಗಳು. ಹಳೆಯ ಕಾಳು ಮುಗಿದಿರುತ್ತದೆ, ಹೊಸದು ಇನ್ನೂ ಹೊಲದಲ್ಲಿರುತ್ತದೆ. ಆ ಎರಡು ತಿಂಗಳನ್ನು ದಾಟಿಸುತ್ತಿದ್ದುದು ಕೆಳಗಿನ ತುಂಡು.

ಒಂದು ಭಾನುವಾರ ಜೋಳದ ಗಂಜಿ ಬಡಿಸುತ್ತಾ ಆಕೆ ಕೇಳಿದರು: "ನಿನ್ನ ತಾಯಿ ಏನು ಬೆಳೆಯುತ್ತಾಳೆ?"

ಅಲ್ಲಿಗೆ ನನ್ನ ಬಾಯಿ ಬಿಚ್ಚಿತು ನೋಡಿ. ಗಂಧಕಸಾಲೆಯ ವರ್ಣನೆ ಶುರುಮಾಡಿದೆ. ಒಂದು ಮನೆಯಲ್ಲಿ ಬೆಂದರೆ ಮೂರು ಮನೆಗೆ ಗೊತ್ತಾಗುತ್ತದೆ, ಪನಮರದ ಸಂತೆಯಲ್ಲಿ ಚೀಲದ ಬಾಯಿ ಬಿಚ್ಚಿದರೆ ಬಸ್ಸಿಗೆ ಹೋಗುವವರು ತಿರುಗಿ ನೋಡುತ್ತಾರೆ, ಬಾಣಂತಿಗೂ ಅದೇ ದೇವರಿಗೂ ಅದೇ. ನಾನು ಹೇಳುತ್ತಾ ಹೋದೆ, ಬೆನೆಡಿಕ್ಟ್ ದಾಟಿಸುತ್ತಾ ಹೋದ. ರಾಯಭಾರಿಗಳು ಭಾಷಣದಲ್ಲಿ ದೇಶವನ್ನು ಹೊಗಳುವಾಗಲೂ ಇಷ್ಟು ಹೊಗಳಿದ್ದನ್ನು ನಾನು ಕೇಳಿಲ್ಲ. ಕೊನೆಗೆ ಆಕೆ ಪಾತ್ರೆ ಕೆಳಗಿಟ್ಟು ಹೇಳಿದ್ದು ಒಂದೇ ಮಾತು, "ಹಾಗಾದರೆ ತಾ."

ಆ ವರ್ಷ ರಜೆಗೆ ಊರಿಗೆ ಬಂದವನು ಅವ್ವನಿಗೆ ಹೇಳಿದೆ. ಅವಳು ಬೀಜದ ಭತ್ತ ಕೇರಿ, ಆರಿಸಿ, ಎರಡು ಸೇರಿನಷ್ಟನ್ನು ಹಾಲಿನ ಪುಡಿಯ ಡಬ್ಬಿಗೆ ತುಂಬಿ ಕೊಟ್ಟಳು. ಹಾಗೆ ಬೀಜ ಒಯ್ಯುವುದಕ್ಕೆ ಕಾಗದ ಬೇಕು, ತಪಾಸಣೆ ಆಗಬೇಕು. ಎಲ್ಲ ಗೊತ್ತಿದ್ದೂ ಬನಿಯನ್ನಿನಲ್ಲಿ ಸುತ್ತಿ ಪೆಟ್ಟಿಗೆಯ ಅಡಿಗೆ ಇಟ್ಟೆ. ತಪ್ಪು, ಒಪ್ಪಿಕೊಳ್ಳುತ್ತೇನೆ. ಆದರೆ ನಾನು ಮಾಡಿದ ದೊಡ್ಡ ತಪ್ಪು ಅದಲ್ಲ.

ನಾನು ವಾಪಸಾದಾಗ ಆಗಸ್ಟ್ ಕೊನೆ. ಅಲ್ಲಿ ಮಳೆ ಶುರುವಾಗುವುದು ನವೆಂಬರಿನಲ್ಲಿ. ಕಾಯಬಹುದಿತ್ತು. ಆದರೆ ನನಗೆ ಅವಸರ, ಜೊತೆಗೆ ಎಲ್ಲ ಬಲ್ಲೆನೆಂಬ ಜಂಬ. ತೊರೆಯಲ್ಲಿ ನೀರಿದೆ, ಬೀಜ ಅವ್ವ ಕೊಟ್ಟದ್ದು, ನಾನು ಗದ್ದೆಯಲ್ಲೇ ಬೆಳೆದವನು. ಇನ್ನೇನು ಬೇಕು? ಸೆಪ್ಟೆಂಬರಿನಲ್ಲಿ ಸಸಿಮಡಿ ಮಾಡಿಸಿದೆ, ಅಕ್ಟೋಬರಿನಲ್ಲಿ ನಾಟಿ. ಕೆಳಗಿನ ತುಂಡು ಪೂರಾ ಬೇಡ, ಅರ್ಧ ಸಾಕು ಎಂದು ಬೆನೆಡಿಕ್ಟ್ ಗೊಣಗಿದ. ಆತನ ತಾಯಿ ನನ್ನ ಮುಖ ನೋಡಿ, "ಇವನ ತಾಯಿ ಕಳಿಸಿದ್ದು ಅರ್ಧಕ್ಕೆ ಹಿಡಿಯುತ್ತದಾ?" ಎಂದು ಪೂರಾ ಬಿಟ್ಟುಕೊಟ್ಟರು. ಆ ವರ್ಷ ತೊರೆಯ ಪಕ್ಕ ಜೋಳ ಬೀಳಲಿಲ್ಲ. ಬದುವಿನ ಮೇಲೆ ನಾಲ್ಕು ಕುಂಬಳದ ಬಳ್ಳಿ ಮಾತ್ರ ಇದ್ದವು.

ಪ್ಯಾಂಟು ಮಡಚಿ ಕೆಸರಿಗಿಳಿದು ನಾಟಿ ತೋರಿಸಿಕೊಟ್ಟ ಆ ದಿನ ನನ್ನ ನೌಕರಿಯ ಅತ್ಯಂತ ಸಂತೋಷದ ದಿನ. ಊರಿನ ಹೆಂಗಸರೆಲ್ಲ ದಂಡೆಯ ಮೇಲೆ ನಿಂತು ನಕ್ಕರು. ಸರ್ಕಾರದ ಲೆಕ್ಕದಲ್ಲಿ ಇಲ್ಲದ, ರಿಬ್ಬನ್ ಇಲ್ಲದ, ಭಾಷಣ ಇಲ್ಲದ ಒಂದು ಕೊಡುಗೆ. ಈಗಲೂ ನಿದ್ದೆ ಬಾರದಿದ್ದರೆ ನನ್ನ ಮನಸ್ಸು ಮೊದಲು ಓಡುವುದು ಆ ಕೆಸರಿಗೇ.

ಪೈರು ಎದ್ದ ಬಗೆಯನ್ನು ನೋಡಬೇಕಿತ್ತು. ಡಿಸೆಂಬರಿಗೆ ಸೊಂಟದೆತ್ತರ, ಕಪ್ಪು ಹಸಿರು. ಜನವರಿಗೆ ಎದೆಯೆತ್ತರ. ಊರಿನಲ್ಲಾದರೆ ಇಷ್ಟು ಹೊತ್ತಿಗೆ ಹೊಡೆ ತುಂಬಿ ಬುಡ ದಪ್ಪವಾಗಿ, ತೆನೆ ಇಣುಕಬೇಕು. ನಾನು ಪ್ರತಿ ಭಾನುವಾರ ಹೋಗಿ ಒಂದೊಂದು ಬುಡ ಹಿಡಿದು ಹಿಚುಕಿ ನೋಡುತ್ತಿದ್ದೆ. ಒಳಗೆ ಎಲೆ, ಎಲೆಯೊಳಗೆ ಮತ್ತೊಂದು ಎಲೆ. ತೆನೆಯ ಸುಳಿವಿಲ್ಲ. ನಗುತ್ತಿದ್ದ ಊರವರು ಅದಕ್ಕೊಂದು ಹೆಸರಿಟ್ಟರು, ಇಂಡಿಯನ್ನನ ಹುಲ್ಲು. ಬೆನೆಡಿಕ್ಟ್ ಇದನ್ನು ನನಗೆ ದಾಟಿಸಲಿಲ್ಲ. ಉಗ್ರಾಣದ ಕಾವಲುಗಾರನಿಂದ ತಿಳಿಯಿತು.

ಫೆಬ್ರವರಿಯಲ್ಲಿ ಆ ಮನೆಯ ಗಂಜಿ ತೆಳ್ಳಗಾಯಿತು. ನನಗೆ ಬಡಿಸಿದ್ದು ಹಿಂದಿನಷ್ಟೇ ಗಟ್ಟಿ. ಬೆನೆಡಿಕ್ಟ್ ತನ್ನ ಬಟ್ಟಲನ್ನು ನನಗೆ ಕಾಣದ ಹಾಗೆ ತಿರುಗಿಸಿಕೊಂಡು ಕುಡಿಯುತ್ತಿದ್ದ. ನಾನು ಅದನ್ನು ನೋಡಿಯೂ ನೋಡದವನ ಹಾಗೆ ಉಂಡೆ. ಮರುವಾರ ಅಂಗಡಿಯಿಂದ ಒಂದು ಚೀಲ ಹಿಟ್ಟು ಕೊಂಡು ವ್ಯಾನಿನಲ್ಲಿಟ್ಟರೆ ಬೆನೆಡಿಕ್ಟ್ ಅದನ್ನು ಇಳಿಸಿ ನನ್ನ ಕೋಣೆಯ ಬಾಗಿಲಲ್ಲೇ ಇಟ್ಟುಹೋಗಿದ್ದ. "ನೆಂಟರು ಮನೆಗೆ ಹಿಟ್ಟು ತರುವುದಿಲ್ಲ, ಸರ್" ಎಂದ.

ಇತ್ತ ಅವ್ವ. ಆಗ ನಮ್ಮ ಮನೆಯಲ್ಲಿ ಫೋನಿರಲಿಲ್ಲ. ಭಾನುವಾರ ಅವಳು ಜೀಪು ಹಿಡಿದು ಹತ್ತಿರದ ಪೇಟೆ ಕಾಟಿಕುಳಂಗೆ ಬಂದು, ಫೋನ್ ಬೂತಿನ ಬೆಂಚಿನ ಮೇಲೆ ನನ್ನ ಕರೆಗೆ ಕಾಯುತ್ತಿದ್ದಳು. ಮೊದಲ ಪ್ರಶ್ನೆ ನನ್ನ ಆರೋಗ್ಯದ್ದಲ್ಲ.

"ಕದಿರ್ ಬಂತಾ ಮಗಾ?"

ತೆನೆಗೆ ನಮ್ಮ ಮನೆಮಾತಿನಲ್ಲಿ ಕದಿರ್ ಎನ್ನುತ್ತೇವೆ. ಇನ್ನೂ ಇಲ್ಲ ಅವ್ವಾ ಎನ್ನುತ್ತಿದ್ದೆ. ಒಂದು ವಾರ, ಎರಡು ವಾರ, ಆರು ವಾರ. ಅವಳ ದನಿ ಇಳಿಯುತ್ತಾ ಬಂತು. ಒಂದು ದಿನ ಹೇಳಿದಳು, "ನಾನ್ ಕೊಟ್ಟ ಬಿತ್ತವೇ ಸರಿ ಇಲ್ವೇನೋ. ಆ ಅಮ್ಮನ ಅನ್ನಕ್ಕೆ ಕಲ್ಲು ಹಾಕ್ಬಿಟ್ನಲ್ಲೋ. ಅವ್ಳ ವಯಲಲ್ಲಿ ಕದಿರ್ ಬರೋ ತನ್ಕ ನಾನೂ ಈ ಅನ್ನ ಮುಟ್ಟಾಕಿಲ್ಲ."

ನಮ್ಮ ಮನೆಯ ಹೆಂಗಸರು ಅನ್ನ ಬಿಟ್ಟರೆ ಬಿಟ್ಟಂತೆಯೇ. ಮನೆಯವರೆಲ್ಲ ಹೇಳಿ ನೋಡಿದರು. ಹೊಸ ಅಕ್ಕಿ ಬಂದ ಮನೆಯಲ್ಲಿ ಅವಳೊಬ್ಬಳು ರೇಷನ್ ಅಕ್ಕಿಯ ಗಂಜಿ ಕಾಯಿಸಿಕೊಂಡು ಕುಡಿಯುತ್ತಿದ್ದಾಳೆ ಎಂದು ನನ್ನಾಕೆ ಕಾಗದ ಬರೆದಳು. ಮುಂದಿನ ಭಾನುವಾರ ಕಚೇರಿಯ ಫೋನಿನ ಮುಂದೆ ಕೂತಾಗ, ಬಾಗಿಲ ಬಳಿ ಬೆನೆಡಿಕ್ಟ್ ಬೀಗದ ಕೈ ಹಿಡಿದು ನಿಂತಿದ್ದ. ಅವ್ವ ಕೇಳಿದಳು. ನಾನು ಹೇಳಿಬಿಟ್ಟೆ.

"ಬಂತು ಅವ್ವಾ. ಕದಿರ್ ಬಂತು. ಗದ್ದೆ ತುಂಬ ಬಂತು."

ಆ ಕಡೆಯಿಂದ ಮೂಗೆಳೆದ ಶಬ್ದ. "ವಾಸ್ನೆ ಉಂಟಾ?" ಎಂದಳು. "ಊರಿಗೇ ಉಂಟು" ಎಂದೆ. ಫೋನಿಟ್ಟ ಮೇಲೆ ಬೆನೆಡಿಕ್ಟ್ ಏನಾಯಿತೆಂದು ಕೇಳಿದ. ನನ್ನ ಮುಖ ಹಾಗಿದ್ದಿರಬೇಕು. ಹೇಳಿದೆ. ಅವನು ತಲೆಯಾಡಿಸಿ ಬೀಗ ಹಾಕಿಕೊಂಡು ಹೋದ.

ಅದಾಗಿ ಎರಡೇ ವಾರಕ್ಕೆ ದೆಹಲಿಯಿಂದ ಆದೇಶ ಬಂತು. ಕಚೇರಿ ಮುಚ್ಚುವುದು, ಈ ದೇಶದ ಕೆಲಸವನ್ನು ಇನ್ನು ಮುಂದೆ ಪಕ್ಕದ ದೇಶದಿಂದ ನೋಡಿಕೊಳ್ಳುವುದು. ಒಂದು ದೇಶ ಇನ್ನೊಂದು ದೇಶದಿಂದ ಏಳುವುದು ಎಷ್ಟು ಸುಲಭ ಎಂದು ನಾನು ಆಗಲೇ ಕಂಡದ್ದು. ಮೂರು ವಾರದಲ್ಲಿ ಕಾಗದಪತ್ರ ಸುಟ್ಟೆವು, ಮೇಜು ಕುರ್ಚಿ ಹಂಚಿದೆವು, ಗೇಟಿನ ಫಲಕದ ನಾಲ್ಕು ತಿರುಪು ಬಿಚ್ಚಿದೆವು. ಬಾವುಟ ಇಳಿಸಿ ಮಡಚಿದವನು ನಾನು. ಸ್ಥಳೀಯ ನೌಕರರ ಸೇವೆಯನ್ನು ವಂದನೆಗಳೊಂದಿಗೆ ಮುಕ್ತಾಯಗೊಳಿಸಲಾಗಿದೆ ಎಂಬ ಕಾಗದವನ್ನು ಬೆನೆಡಿಕ್ಟನ ಹೆಸರಿಗೆ ಟೈಪು ಮಾಡಿದವನೂ ನಾನೇ. ಅವನು ಅದನ್ನು ಎರಡು ಸಲ ಓದಿ ಜೇಬಿಗಿಟ್ಟುಕೊಂಡ.

ಆ ಮೂರು ವಾರದಲ್ಲಿ ನಾನು ತೊರೆಯ ಕಡೆಗೆ ಹೋಗಲಿಲ್ಲ. ಕೆಲಸವಿತ್ತು ಎನ್ನಬಹುದು. ಮುಖ ತೋರಿಸಲು ಧೈರ್ಯವಿರಲಿಲ್ಲ ಎನ್ನುವುದು ನಿಜ. ಒಂದು ಹೆಂಗಸಿನ ವರ್ಷದ ಕೂಳನ್ನು ನನ್ನ ಬಡಾಯಿಗೆ ಬಲಿ ಕೊಟ್ಟು, ಹೇಳದೆ ಕೇಳದೆ ಓಡಿಬಂದೆ. ವಿಮಾನ ನಿಲ್ದಾಣದಲ್ಲಿ ಬೆನೆಡಿಕ್ಟ್ ಒಂದು ಚೀಲ ಕೈಗಿತ್ತ. ಒಳಗೆ ದೊಡ್ಡದೊಂದು ಕುಂಬಳಕಾಯಿ. "ತಾಯಿ ಕಳಿಸಿದ್ದು. ಬರಿಗೈಲಿ ಕಳಿಸಬಾರದಂತೆ" ಎಂದ. ಗದ್ದೆಯ ಬಗ್ಗೆ ಕೇಳಿದೆ. "ಪಕ್ಕದ ಮನೆಯವರು ದನಕ್ಕೆ ಕೇಳುತ್ತಿದ್ದಾರೆ. ಕೊಯ್ದು ಕೊಡಬೇಕು" ಎಂದು ಬೇರೆ ಕಡೆ ನೋಡಿದ.

ಊರಿಗೆ ಬಂದ ದಿನ ಅವ್ವ ಆ ಕುಂಬಳಕಾಯಿಯ ಹುಳಿ ಮಾಡಿ, ಗಂಧಕಸಾಲೆ ಅನ್ನ ಬಡಿಸಿ, ತಾನೂ ಎದುರಿಗೆ ಎಲೆ ಹಾಕಿಕೊಂಡು ಕೂತಳು. ಎಷ್ಟು ಸಂಭ್ರಮದಿಂದ ಉಂಡಳೆಂದರೆ ಆ ಕಡೆ ನೋಡಲಾರದೆ ತಲೆ ತಗ್ಗಿಸಿದೆ. ಮೊದಲ ತುತ್ತು ಗಂಟಲಲ್ಲಿ ಇಳಿಯಲಿಲ್ಲ. ಅಂದೇ ಹುಟ್ಟಿತು ನನ್ನ ಸಕ್ಕರೆ ಕಾಯಿಲೆ. ಅವ್ವ ಬಿಟ್ಟಿದ್ದ ಅನ್ನವನ್ನು ಸುಳ್ಳು ಹೇಳಿ ಉಣ್ಣಿಸಿದವನು, ಅವಳ ಆ ವ್ರತವನ್ನು ನಾನೇ ಹೊರಬೇಕಲ್ಲ? ನಾಲ್ಕು ವರ್ಷ ಕಳೆದು ಅವಳು ತೀರಿಕೊಂಡಳು. ಅಷ್ಟರಲ್ಲಿ ಎಷ್ಟು ಬಾರಿ ರಜೆಗೆ ಬಂದೆ, ಎಷ್ಟು ಬಾರಿ ಹೇಳಬೇಕೆಂದು ಬಾಯಿ ತೆರೆದೆ! "ಆ ಅಮ್ಮ ಈ ವರ್ಷನೂ ಹಾಕಿದ್ದಾಳಾ?" ಎಂದು ಅವಳೇ ಕೇಳಿ, "ಹ್ಞೂಂ" ಎಂದು ನಾನು ಬಾಯಿ ಮುಚ್ಚಿಕೊಳ್ಳುತ್ತಿದ್ದೆ. ಬೆನೆಡಿಕ್ಟನಿಗೆ ಒಂದು ಕಾಗದವನ್ನೂ ಬರೆಯಲಿಲ್ಲ.

ರಿಟೈರಾಗಿ ಬಂದ ಮೇಲೆ ಒಂದು ದಿನ ಪನಮರದಲ್ಲಿ ಹಳೆ ಭತ್ತದ ತಳಿಗಳ ಪ್ರದರ್ಶನ ನಡೆದಿತ್ತು. ಅಲ್ಲಿದ್ದ ಒಬ್ಬ ಕೃಷಿ ವಿಜ್ಞಾನಿ ಹುಡುಗಿಗೆ, ಯಾರದೋ ಕಥೆ ಎನ್ನುವ ಹಾಗೆ ನನ್ನ ಕಥೆ ಹೇಳಿದೆ. ಅವಳು ನಕ್ಕು ಮಲಯಾಳದಲ್ಲಿ, "ಅಂಕಲ್, ಈ ಭತ್ತ ತಿಂಗಳು ಎಣಿಸುವುದಿಲ್ಲ, ಹಗಲು ನೋಡುತ್ತದೆ" ಎಂದಳು. ನಮ್ಮಲ್ಲಿ ತುಲಾ ಮಾಸಕ್ಕೆ, ಅಂದರೆ ಅಕ್ಟೋಬರ್ ನವೆಂಬರಿಗೆ, ಹಗಲು ಕಿರಿದಾಗುತ್ತದೆ. ಆಗಲೇ ಅದಕ್ಕೆ ತೆನೆಯ ನೆನಪಾಗುವುದು. ಭೂಮಿಯ ಆ ಅರ್ಧದಲ್ಲಿ ಲೆಕ್ಕ ತಿರುಗುಮುರುಗು. ಸೆಪ್ಟೆಂಬರಿನಿಂದ ಹಗಲು ಬೆಳೆಯುತ್ತಾ ಹೋಗುತ್ತದೆ, ಮತ್ತೆ ಕಿರಿದಾಗುವುದು ಮಾರ್ಚ್ ಕಳೆಯುವ ಹೊತ್ತಿಗೆ. "ನಟ್ಟವನಿಗೆ ಬುದ್ಧಿಯಿರಲಿಲ್ಲ. ಆದರೆ ಬೀಜದ ತಪ್ಪಿಲ್ಲ. ಕೊಯ್ಯದೆ ಬಿಟ್ಟಿದ್ದರೆ ಏಪ್ರಿಲ್‌ನಲ್ಲಿ ಬಂದೇ ಬರುತ್ತಿತ್ತು" ಎಂದಳು.

ನಾನು ಆ ದೇಶ ಬಿಟ್ಟದ್ದು ಮಾರ್ಚ್ ಕೊನೆಯಲ್ಲಿ. ಅಂದು ಪನಮರದಿಂದ ಬರುವ ಬಸ್ಸಿನಲ್ಲಿ ಕೂತು, ಕೊಯ್ದರೋ ಬಿಟ್ಟರೋ, ಕೊಯ್ದರೋ ಬಿಟ್ಟರೋ ಎಂದು ಹಲುಬಿಕೊಂಡು ನಮ್ಮ ನಿಲ್ದಾಣ ದಾಟಿ ಹೋಗಿಬಿಟ್ಟಿದ್ದೆ. ಅಂದಿನಿಂದ ಪ್ರತಿ ತುಲಾ ಮಾಸದಲ್ಲೂ ಈ ಗಾಳಿ ಬೀಸಿದಾಗ ಕೇಳಿಕೊಳ್ಳುವುದು ಅದನ್ನೇ. ಹೊಟ್ಟೆಗಿಲ್ಲದ ಮನೆಯವರು ಹುಲ್ಲನ್ನು ಇನ್ನೂ ಒಂದು ತಿಂಗಳು ಯಾಕೆ ನಿಲ್ಲಿಸಿಕೊಂಡಾರು? ಕೊಯ್ದೇ ಇರುತ್ತಾರೆ. ಆದರೂ ಮನಸ್ಸು ಕೇಳುವುದಿಲ್ಲ.

ಇಷ್ಟು ಬರೆದು ಎತ್ತಿಟ್ಟಿದ್ದೆ. ಇದಕ್ಕೆ ಮುಕ್ತಾಯ ನನ್ನ ಬಳಿ ಇರಲಿಲ್ಲ. ನಾಲ್ಕು ದಿನ ಬಿಟ್ಟು ಅಂಚೆಯವನು ಒಂದು ಕಾರ್ಡು ತಂದ. ಇಂಗ್ಲಿಷಿನಲ್ಲಿ ನನ್ನ ಹೆಸರು, ತೃಶ್ಶಿಲೇರಿ, ವಯನಾಡು, ಅಷ್ಟೇ ವಿಳಾಸ. ಬರೆದವಳು ಬೆನೆಡಿಕ್ಟನ ಮಗಳು ಗ್ರೇಸ್. ನಮ್ಮ ಸರ್ಕಾರದ ವಿದ್ಯಾರ್ಥಿವೇತನದಲ್ಲಿ ಮೈಸೂರಿಗೆ ಓದಲು ಬಂದಿದ್ದಾಳೆ. ನಾನು ಊರಿಗೆ ಬರೆಯುತ್ತಿದ್ದ ಕಾಗದಗಳನ್ನು ಅಂಚೆ ಚೀಲಕ್ಕೆ ಹಾಕುತ್ತಿದ್ದವನು ಬೆನೆಡಿಕ್ಟ್. ಆ ವಿಳಾಸ ಅವನಿಗೆ ಬಾಯಿಪಾಠವಾಗಿತ್ತಂತೆ. ಭಾನುವಾರ ಬರಬಹುದೇ ಎಂದು ಕೇಳಿ, ಕೆಳಗೆ ಫೋನ್ ನಂಬರು ಬರೆದಿದ್ದಳು.

ಕಾಟಿಕುಳಂನಲ್ಲಿ ಮೈಸೂರು ಬಸ್ಸಿನಿಂದ ಇಳಿದವಳನ್ನು ಹುಡುಕಬೇಕಾಗಲಿಲ್ಲ. ಅದೇ ಬೆನೆಡಿಕ್ಟನ ಕಣ್ಣು. ಮನೆಗೆ ಬಂದವಳು ನನ್ನಾಕೆಯನ್ನು ನೋಡಿ ಕೈಮುಗಿದು, "ಊಟ ಆಯ್ತಾ?" ಎಂದು ಕನ್ನಡದಲ್ಲೇ ಕೇಳಿಬಿಟ್ಟಳು. ಮೈಸೂರಿನಲ್ಲಿ ಮೊದಲು ಕಲಿತ ಮಾತಂತೆ.

"ಅಯ್ಯೋ, ನಾವ್ ಕೇಳೋದನ್ನ ಇವ್ಳೇ ಕೇಳ್ತಾಳಲ್ಲಪ್ಪ!" ಎಂದು ನನ್ನಾಕೆ ಅವಳ ಕೈಹಿಡಿದು ಒಳಗೆ ಕರೆದೊಯ್ದಳು.

ಊಟಕ್ಕೆ ಮೊದಲು ಗದ್ದೆ ತೋರಿಸಲು ಕರೆದುಕೊಂಡು ಹೋದೆ. ನಾವಿಬ್ಬರೂ ಇಂಗ್ಲಿಷಿನಲ್ಲಿ ಮಾತಾಡುತ್ತಿದ್ದೆವು. ಬಾಳೆ ತೋಟ ದಾಟಿ ಬದುವಿಗೆ ಕಾಲಿಟ್ಟವಳು ಗಕ್ಕನೆ ನಿಂತಳು. ಮೂಗೆತ್ತಿ ಗಾಳಿ ಎಳೆದುಕೊಂಡಳು.

"ಇದು ನಮ್ಮಜ್ಜಿಯ ಗದ್ದೆಯ ವಾಸನೆ" ಎಂದಳು. "ಇಂಡಿಯನ್ನನ ಹುಲ್ಲು ಇಲ್ಲಿ ಈಗಲೂ ಬೆಳೆಯುತ್ತೀರಾ?"

ನಾನು ಬದುವಿನ ಮೇಲೆ ಕೂತುಬಿಟ್ಟೆ. ಅವಳೂ ಗಾಬರಿಯಿಂದ ಪಕ್ಕದಲ್ಲಿ ಕೂತಳು.

"ಕೊಯ್ಯಲಿಲ್ಲವಾ?" ಎಂದೆ. "ನಾನು ಬರುವಾಗ ದನಕ್ಕೆ ಕೊಯ್ದು ಕೊಡುತ್ತೇನೆ ಅಂದಿದ್ದನಲ್ಲ ನಿಮ್ಮಪ್ಪ?"

"ನಾನಿನ್ನೂ ಹುಟ್ಟಿರಲಿಲ್ಲ. ಆದರೆ ಈ ಕಥೆ ನಮ್ಮ ಮನೆಯಲ್ಲಿ ಎಲ್ಲರಿಗೂ ಗೊತ್ತು" ಎಂದಳು ಗ್ರೇಸ್. "ನೀವು ಹೋದ ಮರುದಿನ ಅಜ್ಜಿ ಕುಡುಗೋಲು ಹಿಡಿದು ಗದ್ದೆಗೆ ಇಳಿದಿದ್ದರಂತೆ. ಆಗ ಅಪ್ಪನಿಗೆ ಏನು ತೋಚಿತೋ, ಆ ಮನುಷ್ಯ ತನ್ನ ತಾಯಿಗೆ ತೆನೆ ಬಂತು ಅಂತ ಹೇಳಿದ್ದಾನೆ ಅಂದರಂತೆ. ಅಜ್ಜಿ ಕೇಳಿದರಂತೆ, ‘ತಾಯಿಗಾ? ಅವನೇ ಹೇಳಿದನಾ?’ ಹೌದು ಅಂದರಂತೆ ಅಪ್ಪ. ಅಜ್ಜಿ ಗದ್ದೆಯಿಂದ ಮೇಲೆ ಬಂದು ಕುಡುಗೋಲನ್ನು ಸೂರಿಗೆ ಸಿಕ್ಕಿಸಿದರಂತೆ. ‘ಹಾಗಾದರೆ ಕೊಯ್ಯುವ ಹಾಗಿಲ್ಲ. ಮಗ ತಾಯಿಗೆ ಹೇಳಿದ ಮಾತು ಸುಳ್ಳಾಗಬಾರದು. ಬರುವ ತನಕ ನಿಲ್ಲಲಿ’ ಅಂದರಂತೆ."

"ಬಂತಾ?"

"ಈಸ್ಟರ್ ಆದ ಮೇಲೆ ಬಂತಂತೆ. ನಕ್ಕವರೆಲ್ಲ ಬೀಜಕ್ಕೆ ಬಂದರಂತೆ. ಆಮೇಲಿನಿಂದ ಮಳೆ ಶುರುವಾದ ಮೇಲೇ ನಡುತ್ತೇವೆ. ಅಜ್ಜಿ ಮೂರು ವರ್ಷದ ಹಿಂದೆ ತೀರಿಕೊಂಡರು. ಕೊನೆಯ ದಿನವೂ ಇದರ ಗಂಜಿಯೇ ಕುಡಿದದ್ದು."

ಕೇಳಬಾರದು ಎಂದುಕೊಂಡರೂ ಕೇಳಿದೆ. "ಆ ವರ್ಷ ಹೊಟ್ಟೆಗೆ ಏನು ಮಾಡಿದರು?"

"ಹಸಿದಿದ್ದರಂತೆ. ಕುಂಬಳಕಾಯಿ ತಿಂದು ಕಳೆದೆವು ಅನ್ನುತ್ತಾರೆ ಅಪ್ಪ."

ಅದರಲ್ಲಿ ದೊಡ್ಡದೊಂದನ್ನು ನಾನು ಹೊತ್ತು ತಂದಿದ್ದೆ. ನಾವು ಅದರ ಹುಳಿ ಮಾಡಿ ಉಂಡಿದ್ದೆವು. ನಾನು ಅತ್ತೆ. ಪಕ್ಕದಲ್ಲಿ ಮಗಳ ವಯಸ್ಸಿನವಳು ಕೂತಿದ್ದಾಳೆ ಎಂಬ ನಾಚಿಕೆಯೂ ಇಲ್ಲದೆ ಅತ್ತೆ. ಉಗ್ರಾಣದಿಂದ ನಾವು ಕೊಟ್ಟ ಪಂಪು, ಮಂಚ, ಬೆಂಚುಗಳಿಗೆಲ್ಲ ರಸೀದಿ ಇತ್ತು. ಈ ಹೆಂಗಸು ನನಗೆ ಕೊಟ್ಟದ್ದಕ್ಕೆ ಯಾವ ರಸೀದಿಯೂ ಇರಲಿಲ್ಲ. ನಾನೇ ನೆರವು ಕೊಡಲು ಹೋದವನು ಎಂದು ಅಷ್ಟು ವರ್ಷ ತಿಳಿದುಕೊಂಡಿದ್ದೆ.

ಗ್ರೇಸ್ ಮೆಲ್ಲಗೆ ಕೇಳಿದಳು, "ನಿಮ್ಮ ತಾಯಿಗೆ ಆಮೇಲೆ ನಿಜ ಹೇಳಿದಿರಾ?"

"ಇಲ್ಲ."

"ಒಳ್ಳೆಯದಾಯಿತು. ಹೇಳಲು ಏನಿತ್ತು? ಬಂದಿತ್ತಲ್ಲ" ಎಂದಳು.

ಒಳಗೆ ಎಲೆ ಹಾಕಿ ಆಗಿತ್ತು. ಗ್ರೇಸ್‌ಗೆ ಹೋದ ವರ್ಷದ ಗಂಧಕಸಾಲೆಯ ಬಿಸಿ ಅನ್ನ, ನನ್ನ ಎಲೆಗೆ ಎಂದಿನಂತೆ ಮುದ್ದೆ. ಹೆಂಡತಿ ಅನ್ನದ ಪಾತ್ರೆ ಹಿಡಿದು ನನ್ನನ್ನು ದಾಟಿ ಹೋಗುವಾಗ ಕೈ ಅಡ್ಡ ಹಿಡಿದೆ.

"ನನಗೂ ಬಡಿಸು."

"ಸಕ್ಕರೆ?"

"ಇಲ್ಲ."

"ಇಲ್ಲ ಅಂದ್ರೆ? ಯಾವಾಗ ಹೋಯ್ತು?"

"ಯಾವತ್ತೂ ಇರ್ಲಿಲ್ಲ ಕಣೇ. ಆಮೇಲೆ ಹೇಳ್ತೀನಿ."

ಅವಳು ನನ್ನ ಕೆಂಪು ಕಣ್ಣು ನೋಡಿದಳು, ಗ್ರೇಸ್‌ಳನ್ನು ನೋಡಿದಳು, ಎರಡು ಸೌಟು ಬಡಿಸಿದಳು. ಮೊದಲ ತುತ್ತು ಇಳಿಯಿತು. ರುಚಿ ನಾನು ನೆನಪಿಟ್ಟುಕೊಂಡದ್ದಕ್ಕಿಂತ ಸೌಮ್ಯ. ಬಂತು ಅವ್ವಾ, ಕದಿರ್ ಬಂತು ಎಂದು ಮನಸ್ಸಿನಲ್ಲೇ ಮತ್ತೊಮ್ಮೆ ಹೇಳಿದೆ. ಎದುರಿನ ಎಲೆಯಲ್ಲಿ ಆ ಅಮ್ಮನ ಮೊಮ್ಮಗಳು ಎರಡನೆಯ ಸಲ ಅನ್ನ ಹಾಕಿಸಿಕೊಳ್ಳುತ್ತಿದ್ದಳು.